ಮಾತಿನ ಮಡಿಯೂ ಮಾತಿನ ಮರ್ಯಾದೆಯೂ: ಜಾನ್ ಸ್ಟುವರ್ಟ್ ಮಿಲ್ಲರ ಜೀವಿತ

ಪೊಲಿಟಿಕಲ್ ಕರೆಕ್ಟ್‌ನೆಸ್ ಎಂಬ ಮಾತು ಇತ್ತಲಾಗಿ ವಿದ್ಯಾವಂತರ ಸಭೆಗಳಲ್ಲಿ ಪದೇ ಪದೇ ಕಿವಿಗೆ ಬೀಳುತ್ತಿದೆ. ಜಾತಿ, ಮತ, ವರ್ಣ, ಲಿಂಗ, ಅಂಗವೈಕಲ್ಯ ಇವುಗಳ ದೆಸೆಯಿಂದ ತಗ್ಗಿನಲ್ಲಿ ಉಳಿದವರ ಮನಸ್ಸು ನೋಯದಂತೆ ಶಬ್ದಗಳನ್ನು ಆಯ್ದು ಆಡಬೇಕೆಂಬ ಕಟ್ಟಳೆಗೆ ಈ ಹೆಸರು. ಇದು ಮನುಷ್ಯನು ಮನುಷ್ಯನಿಗೆ ಸಲ್ಲಿಸತಕ್ಕ ಮರ್ಯಾದೆಯೆಂದು ಒಂದು ಪಕ್ಷದವರು ಹೇಳುವರು. ಇದೊಂದು ಹೊಸ ಮಡಿ. ಹಳೆಯ ಮಡಿಯಲ್ಲಿ ಮುಟ್ಟಿದವನು ಬಹಿಷ್ಕೃತನಾಗುತ್ತಿದ್ದಂತೆ ಇದರಲ್ಲಿ ಬಾಯಿತಪ್ಪಿ ಆಡಿದವನು ಬಹಿಷ್ಕೃತನಾಗುವನೆಂದು ಇನ್ನೊಂದು ಪಕ್ಷದವರು ಹೇಳುವರು. ಈ ವಾದದಲ್ಲಿ ಎರಡು ಪಕ್ಷದವರೂ ತಮ್ಮ ತಮ್ಮ ಕಡೆಗೆ ಸಾಕ್ಷಿಯಾಗಿ ಕರೆಯಬಹುದಾದ ಮಹಾಪುರುಷನೊಬ್ಬನಿದ್ದಾನೆ. ಆಂಗ್ಲ ತತ್ತ್ವಜ್ಞರಾದ ಜಾನ್ ಸ್ಟುವರ್ಟ್ ಮಿಲ್ಲರೇ ಅವರು. ಅವರ ಜೀವಿತವನ್ನು ವಾಚಕರ ಮುಂದಿಡುವುದು ಪ್ರಕೃತ ವಿಷಯಕ್ಕೆ ಉಪಕಾರಕವೆಂದು ನಾವು ಭಾವಿಸುತ್ತೇವೆ.

ಮಿಲ್ಲರು 1806ನೆಯ ಇಸವಿ ಮೇ 20ರಂದು ಲಂಡನ್ ನಗರದಲ್ಲಿ ಜನಿಸಿದರು. ತಂದೆಯಾದ ಜೇಮ್ಸ್ ಮಿಲ್ಲರು ಹಿಂದೂಸ್ಥಾನದ ನೆಲವನ್ನು ಒಮ್ಮೆಯೂ ಮೆಟ್ಟದೆ, ಇಲ್ಲಿಯ ಒಂದು ಭಾಷೆಯನ್ನೂ ಕಲಿಯದೆ, ಬ್ರಿಟಿಷ್ ಹಿಂದೂಸ್ಥಾನದ ಇತಿಹಾಸವನ್ನು ಸಂಪುಟಗಟ್ಟಲೆ ಬರೆದು ನಮ್ಮ ಪೂರ್ವಜರನ್ನು ಅಸಂಸ್ಕೃತರ ಪಂಕ್ತಿಯಲ್ಲಿ ಕೂರಿಸಿದವರು. ಅವರು ಮಗನನ್ನು ಯಾವ ಶಾಲೆಗೂ ಕಳುಹಿಸದೆ ಮೂರನೆಯ ವರ್ಷದಲ್ಲಿ ಗ್ರೀಕ್ ಭಾಷೆಯನ್ನೂ ಎಂಟನೆಯ ವರ್ಷದಲ್ಲಿ ಲ್ಯಾಟಿನ್ ಭಾಷೆಯನ್ನೂ ತಾವೇ ಆರಂಭಿಸಿದರು. ಈ ಕಠಿಣ ಶಿಕ್ಷಣದಲ್ಲಿ ಒಂದು ಗುಣವಿತ್ತು: ಹುಡುಗನು ತಾನಾಗಿ ಯೋಚಿಸಿ ಉತ್ತರ ಹುಡುಕುವವರೆಗೆ ತಂದೆ ಉತ್ತರವನ್ನು ಹೇಳುತ್ತಿರಲಿಲ್ಲ. ಒಂದು ದೋಷವೂ ಇತ್ತು: ಹೃದಯಕ್ಕೆ ಅದರಲ್ಲಿ ಎಡೆಯಿರಲಿಲ್ಲ. 1826ರಲ್ಲಿ, ಇಪ್ಪತ್ತರ ಹರೆಯದಲ್ಲಿ, ಮಿಲ್ಲರಿಗೆ ಘೋರವಾದ ಮನೋವ್ಯಥೆಯು ಪ್ರಾಪ್ತವಾಯಿತು. ವರ್ಡ್ಸ್‌ವರ್ತ್ ಕವಿಯ ಕಾವ್ಯದ ವಾಚನದಿಂದ ಅವರು ಮೆಲ್ಲಮೆಲ್ಲಗೆ ಚೇತರಿಸಿಕೊಂಡರು. ಪರರ ದುಃಖವು ತರ್ಕದಿಂದ ಮಾತ್ರವೇ ತಿಳಿಯತಕ್ಕದ್ದಲ್ಲವೆಂಬ ಅರಿವು ಅಲ್ಲಿಂದ ಅವರಲ್ಲಿ ನೆಲೆಸಿತು.

1823ರಲ್ಲಿ, ಹದಿನೇಳನೆಯ ವಯಸ್ಸಿನಲ್ಲಿ, ಅವರು ಈಸ್ಟ್ ಇಂಡಿಯಾ ಕಂಪನಿಯ ಲಂಡನ್ ಕಚೇರಿಯಲ್ಲಿ ಗುಮಾಸ್ತರಾಗಿ ಸೇರಿದರು. ಕಂಪನಿಯ ಆಡಳಿತವು 1858ರಲ್ಲಿ ಮುಗಿಯುವ ತನಕ ಮೂವತ್ತೈದು ವರ್ಷ ಅಲ್ಲಿಯೇ ಇದ್ದು, ದೇಶೀಯ ಸಂಸ್ಥಾನಗಳಿಗೆ ಸಂಬಂಧಪಟ್ಟ ಪತ್ರವ್ಯವಹಾರವನ್ನು ಬಹುಕಾಲ ನೋಡಿಕೊಂಡು, ಕಡೆಗೆ ತಂದೆಯಿದ್ದ ಉನ್ನತ ಪದವಿಗೇ ಏರಿದರು. ನಮ್ಮ ರಾಜರ ಭವಿಷ್ಯವನ್ನು ನಿರ್ಣಯಿಸುತ್ತಿದ್ದ ಅನೇಕ ಕಾಗದಗಳು, ನಮ್ಮನ್ನು ಎಂದೂ ಕಣ್ಣಾರೆ ಕಾಣದ ಈ ಪುರುಷರ ಲೇಖನಿಯಿಂದಲೇ ಹೊರಟವು. ಈ ಸಂಗತಿಗೆ ನಾವು ಮುಂದೆ ಮರಳಿ ಬರುತ್ತೇವೆ.

ಸಮಾಜದ ನಾಲಗೆಯು ಎಷ್ಟು ಹರಿತವಾದುದೆಂಬುದನ್ನು ಮಿಲ್ಲರು ಗ್ರಂಥಗಳಿಂದ ಕಲಿಯಬೇಕಾಗಿರಲಿಲ್ಲ. 1830ರಲ್ಲಿ ಅವರಿಗೆ ಹ್ಯಾರಿಯೆಟ್ ಟೇಲರ್ ಎಂಬ ವಿದುಷಿಯ ಪರಿಚಯವಾಯಿತು. ಆಕೆ ವಿವಾಹಿತೆ. ಇಪ್ಪತ್ತು ವರ್ಷ ನಡೆದ ಈ ಸ್ನೇಹದ ವಿಷಯದಲ್ಲಿ ಲಂಡನ್ನಿನ ಮನೆಮನೆಗಳಲ್ಲಿ ಪಿಸುಮಾತು ನಡೆಯಿತು. ಬಂಧುಗಳೂ ಮಿತ್ರರೂ ದೂರವಾದರು. ಆಕೆಯ ಪತಿಯು 1849ರಲ್ಲಿ ತೀರಿಕೊಂಡ ಬಳಿಕ 1851ರಲ್ಲಿ ಅವರಿಬ್ಬರ ವಿವಾಹವಾಯಿತು. ಆ ಸಂದರ್ಭದಲ್ಲಿ ಮಿಲ್ಲರು, ಹೆಂಡತಿಯ ಸೊತ್ತಿನ ಮೇಲೆಯೂ ದೇಹದ ಮೇಲೆಯೂ ಗಂಡನಿಗೆ ಕಾಯಿದೆಯು ಕೊಟ್ಟಿದ್ದ ಅಧಿಕಾರಗಳನ್ನು ತಾವು ಎಂದಿಗೂ ಚಲಾಯಿಸುವುದಿಲ್ಲವೆಂದು ಬರೆದು ರುಜು ಮಾಡಿದರು. ಕಾಯಿದೆಯು ಬಲಾತ್ಕರಿಸದಿದ್ದರೂ ತಾನಾಗಿ ತೋರಿಸತಕ್ಕ ಮರ್ಯಾದೆಯೆಂದರೆ ಇದು.

ಅವರ ಮಿತ್ರವರ್ಗದಲ್ಲಿ ಥಾಮಸ್ ಕಾರ್ಲೈಲರೂ ಇದ್ದರು. ಕಾರ್ಲೈಲರ ಫ್ರೆಂಚ್ ರಾಜ್ಯಕ್ರಾಂತಿಯ ಗ್ರಂಥದ ಮೊದಲ ಭಾಗದ ಹಸ್ತಪ್ರತಿಯು 1835ರಲ್ಲಿ ಮಿಲ್ಲರ ವಶದಲ್ಲಿರುವಾಗ ಅಕಸ್ಮಾತ್ತಾಗಿ ಬೆಂಕಿಗೆ ಆಹುತಿಯಾಯಿತು. ಅಂಥ ನಷ್ಟವನ್ನೂ ಆ ಸ್ನೇಹವು ಸಹಿಸಿಕೊಂಡಿತು. ಆದರೆ 1849ರಲ್ಲಿ ಕಾರ್ಲೈಲರು ಫ್ರೇಸರನ ಮಾಸಪತ್ರಿಕೆಯಲ್ಲಿ ವೆಸ್ಟ್ ಇಂಡೀಸಿನ ಕರಿಯ ಜನರನ್ನು ಹೀನಾಯವಾಗಿ ಹಳಿದು, ಅವರು ಬಿಳಿಯರ ದಾಸ್ಯಕ್ಕೇ ಹುಟ್ಟಿದವರೆಂಬರ್ಥದ ಲೇಖನವೊಂದನ್ನು ಬರೆದರು. ಮಿಲ್ಲರು ಏನು ಮಾಡಿದರು? ಪತ್ರಿಕೆಯನ್ನು ಮುಚ್ಚಿಸಬೇಕೆಂದು ಕೇಳಲಿಲ್ಲ. ಲೇಖಕನನ್ನು ಸಭೆಗಳಿಂದ ಹೊರಗಿಡಬೇಕೆಂದೂ ಕೂಗಲಿಲ್ಲ. 1850ರ ಆರಂಭದಲ್ಲಿ ಅದೇ ಪತ್ರಿಕೆಯಲ್ಲಿ ಉತ್ತರ ಬರೆದು, ಮನುಷ್ಯರಲ್ಲಿ ಕೆಲವರು ಹುಟ್ಟುತ್ತಲೇ ಒಡೆಯರು, ಕೆಲವರು ಹುಟ್ಟುತ್ತಲೇ ಆಳುಗಳು ಎಂಬ ಸಿದ್ಧಾಂತವನ್ನು ಒಂದೊಂದಾಗಿ ಖಂಡಿಸಿದರು. ಅಮೇರಿಕೆಯ ಗುಲಾಮಗಿರಿಯ ಧಣಿಗಳಿಗೆ ಆ ಲೇಖನವು ಎಂಥ ಬಲ ಕೊಡುವುದೆಂದೂ ಎಚ್ಚರಿಸಿದರು. ಕಾರ್ಲೈಲರು ಪಶ್ಚಾತ್ತಾಪಪಡಲಿಲ್ಲ, 1853ರಲ್ಲಿ ಶಿರೋನಾಮೆಯಲ್ಲಿ ಇನ್ನೂ ಹೀನವಾದ ಶಬ್ದವನ್ನಿಟ್ಟು ಅದನ್ನು ಪುಸ್ತಿಕೆಯಾಗಿ ಹೊರತಂದರು. ಸ್ನೇಹವು ಮುರಿಯಿತು. ಬಾಯಿಯನ್ನು ಮಾತ್ರ ಯಾರೂ ಕಟ್ಟಲಿಲ್ಲ.

1858ರಲ್ಲಿ ಹ್ಯಾರಿಯೆಟ್ಟಮ್ಮನವರು ಫ್ರಾನ್ಸಿನ ಆವಿನ್ಯೊನ್ ಪಟ್ಟಣದಲ್ಲಿ ಕಾಲವಾದರು. ಮರುವರ್ಷ, ಆಕೆಯ ಸ್ಮರಣೆಗೆ ಅರ್ಪಿತವಾಗಿ, ಸ್ವಾತಂತ್ರ್ಯವನ್ನು ಕುರಿತ ಮಿಲ್ಲರ ಪ್ರಸಿದ್ಧ ಗ್ರಂಥವು ಪ್ರಕಟವಾಯಿತು. ಅರಸನ ದಬ್ಬಾಳಿಕೆಗಿಂತಲೂ ಬಹುಜನರ ಅಭಿಪ್ರಾಯದ ದಬ್ಬಾಳಿಕೆಯು ಭಯಂಕರ, ಏಕೆಂದರೆ ಅದು ನಿತ್ಯಜೀವನದೊಳಗೆ ಆಳವಾಗಿ ಹೊಕ್ಕು ಆತ್ಮವನ್ನೇ ಬಂಧಿಸುವುದು ಎಂದು ಅವರು ಅದರಲ್ಲಿ ಪ್ರತಿಪಾದಿಸಿದರು. ಅಡಗಿಸಿದ ಅಭಿಪ್ರಾಯವು ನಿಜವಾಗಿರಬಹುದು, ಅರ್ಧ ನಿಜವಾಗಿರಬಹುದು, ಪೂರ್ಣ ಸುಳ್ಳಾಗಿದ್ದರೂ ಅದರೊಡನೆ ಸೆಣಸದ ಸತ್ಯವು ಬರಿಯ ಬಾಯಿಪಾಠವಾಗಿ ಜೀವ ಕಳೆದುಕೊಳ್ಳುವುದು. ಧಾನ್ಯದ ವ್ಯಾಪಾರಿಗಳು ಬಡವರನ್ನು ಉಪವಾಸ ಕೆಡಹುವರೆಂದು ಪತ್ರಿಕೆಯಲ್ಲಿ ಬರೆಯುವವನನ್ನು ತಡೆಯಲಾಗದು. ಅದೇ ಮಾತನ್ನು ವ್ಯಾಪಾರಿಯ ಮನೆಬಾಗಿಲಲ್ಲಿ ರೊಚ್ಚಿಗೆದ್ದ ಗುಂಪಿಗೆ ಹೇಳುವವನನ್ನು ದಂಡಿಸಬಹುದು. ಎಲ್ಲೆಯು ಇಲ್ಲಿದೆ.

ಆ ಗ್ರಂಥದ ಇನ್ನೊಂದು ಭಾಗವನ್ನು ಅನೇಕರು ಓದದೆ ಬಿಡುವುದುಂಟು. ಮಾತಿನ ಸಭ್ಯತೆಯ ಪ್ರಶ್ನೆಯನ್ನೇ ಮಿಲ್ಲರು ಅಲ್ಲಿ ಕೈಗೆತ್ತಿಕೊಂಡಿದ್ದಾರೆ. ಸಭ್ಯವಾಗಿ ಮಾತಾಡಿರೆಂಬ ಬುದ್ಧಿವಾದವನ್ನು ಲೋಕವು ಯಾವಾಗಲೂ ದುರ್ಬಲ ಪಕ್ಷಕ್ಕೆ ಹೇಳುವುದು. ಪ್ರಬಲ ಪಕ್ಷದವರು ಅದೇ ಬೈಗಳನ್ನು ಆಡಿದರೆ ಧರ್ಮಾವೇಶವೆಂದು ಹೊಗಳುವುದು. ದುರ್ಬಲರ ಮೇಲೆ ಬೀಳುವ ಬೈಗಳೇ ಹೆಚ್ಚು ಹಾನಿಕರ, ಏಕೆಂದರೆ ಅದು ಅವರ ಬಾಯನ್ನೂ ಅವರ ಮಾತು ಕೇಳಬಯಸುವವರ ಕಿವಿಯನ್ನೂ ಮುಚ್ಚಿಸುವುದು. ಆದರೂ ಇವೆರಡನ್ನೂ ತಡೆಯುವುದು ಕಾಯಿದೆಯ ಕೆಲಸವಲ್ಲ; ಯಾವ ಪಕ್ಷದವನೇ ಆಗಲಿ, ಕುಟಿಲತನದಿಂದಲೂ ದ್ವೇಷದಿಂದಲೂ ಮಾತಾಡಿದರೆ ಅವನನ್ನು ಧಿಕ್ಕರಿಸುವುದು ಸಜ್ಜನರ ಕೆಲಸ. ಇಂದಿನ ವಾದದ ಎರಡು ಪಕ್ಷಗಳಿಗೂ ಇದರಲ್ಲಿ ಪಾಠವಿದೆ.

1865ರಲ್ಲಿ ವೆಸ್ಟ್‌ಮಿನ್‌ಸ್ಟರ್ ಮತದಾರರು ಅವರನ್ನು ಪಾರ್ಲಿಮೆಂಟಿಗೆ ನಿಲ್ಲಿಸಿದರು. ಆಂಗ್ಲ ಕಾರ್ಮಿಕರು ಸುಳ್ಳಾಡುವುದಕ್ಕೆ ನಾಚುತ್ತಾರಾದರೂ ಸಾಮಾನ್ಯವಾಗಿ ಸುಳ್ಳಾಡುತ್ತಾರೆಂದು ಮಿಲ್ಲರು ಹಿಂದೆ ಬರೆದಿದ್ದರು. ಬಹುಮಟ್ಟಿಗೆ ಕಾರ್ಮಿಕರೇ ನೆರೆದ ಸಭೆಯೊಂದರಲ್ಲಿ ಪ್ರತಿಪಕ್ಷದವರು ಆ ಮಾತನ್ನು ಅಚ್ಚುಹಾಕಿಸಿ ತಂದು, ಇದನ್ನು ಬರೆದವರು ತಾವೇ ಏನೆಂದು ಕೇಳಿದರು. ಹೌದು, ನಾನೇ ಎಂದು ಮಿಲ್ಲರು ತತ್‌ಕ್ಷಣವೇ ಒಪ್ಪಿಕೊಂಡರು. ಸಭೆಯು ಕೋಪಗೊಳ್ಳಲಿಲ್ಲ, ಚಪ್ಪಾಳೆಯಿಂದ ಮೊಳಗಿತು. ತಮ್ಮನ್ನು ಓಲೈಸದೆ ಸಮಾನರೆಂದು ಬಗೆದು ಮಾತಾಡುವ ಅಭ್ಯರ್ಥಿಯನ್ನು ಆ ಶ್ರಮಜೀವಿಗಳು ಗುರುತಿಸಿದರು. ತಗ್ಗಿನಲ್ಲಿರುವವರು ಬಯಸುವುದು ಸಿಹಿಮಾತನ್ನೆಂದು ತಿಳಿಯುವುದೂ ಅವರಿಗೆ ಮಾಡುವ ಒಂದು ಅವಮಾನವೇ ಸರಿ.

ಶಬ್ದವೊಂದನ್ನು ಬದಲಿಸುವುದಕ್ಕಾಗಿ ಪಾರ್ಲಿಮೆಂಟಿನಲ್ಲಿ ಹೋರಾಡಿದವರೂ ಇದೇ ಮಿಲ್ಲರು. ಸುಮಾರು 1,500 ಸ್ತ್ರೀಯರು ಮತದಾನದ ಹಕ್ಕಿಗಾಗಿ ರುಜು ಮಾಡಿದ ಬಿನ್ನವತ್ತಳೆಯನ್ನು 1866ರ ಜೂನಿನಲ್ಲಿ ಅವರು ಸಭೆಗೆ ಒಪ್ಪಿಸಿದರು. ಮರುವರ್ಷ ಸುಧಾರಣಾ ಮಸೂದೆಯು ಚರ್ಚೆಗೆ ಬಂದಾಗ, ಮೇ 20ರಂದು, ಅಂದರೆ ತಮ್ಮ ಅರುವತ್ತೊಂದನೆಯ ಹುಟ್ಟುಹಬ್ಬದ ದಿವಸ, ಮಸೂದೆಯಲ್ಲಿಯ ಮ್ಯಾನ್ ಎಂಬ ಶಬ್ದವನ್ನು ತೆಗೆದು ಪರ್ಸನ್, ಅಂದರೆ ವ್ಯಕ್ತಿ, ಎಂಬ ಶಬ್ದವನ್ನಿಡಬೇಕೆಂದು ತಿದ್ದುಪಡಿ ಸೂಚಿಸಿದರು. ಒಂದು ಶಬ್ದಕ್ಕಾಗಿ ಇಷ್ಟು ಗದ್ದಲವೇಕೆಂದು ನಕ್ಕವರುಂಟು. ಪರವಾಗಿ 73, ವಿರುದ್ಧವಾಗಿ 196 ಮತಗಳು ಬಿದ್ದು ತಿದ್ದುಪಡಿಯು ಸೋತಿತು. ಆ ಶಬ್ದದ ಬೆಲೆಯು ಮರುವರ್ಷವೇ ತಿಳಿದುಬಂತು. ಕಾಯಿದೆಗಳಲ್ಲಿ ಪುಲ್ಲಿಂಗ ಪದಗಳು ಸ್ತ್ರೀಯರನ್ನೂ ಒಳಗೊಳ್ಳುವುವೆಂಬ ಸಾಮಾನ್ಯ ನಿಯಮವಿರುವುದೆಂದು ಮ್ಯಾಂಚೆಸ್ಟರಿನ ಸ್ತ್ರೀಯರು ನ್ಯಾಯಾಲಯದಲ್ಲಿ ವಾದಿಸಿದಾಗ, ಮತದಾನದ ಮಟ್ಟಿಗೆ ಮ್ಯಾನ್ ಎಂದರೆ ಗಂಡಸೇ ಎಂದು 1868ರಲ್ಲಿ ತೀರ್ಪಾಯಿತು. ಬ್ರಿಟಿಷ್ ಸ್ತ್ರೀಯರಿಗೆ ಗಂಡಸರಿಗೆ ಸಮನಾದ ಮತಾಧಿಕಾರವು ದೊರೆತುದು 1928ರಲ್ಲಿ.

ಅದೇ ಕಾಲದಲ್ಲಿ ಇನ್ನೊಂದು ಪರೀಕ್ಷೆಯೂ ಬಂತು. 1865ರ ಅಕ್ಟೋಬರದಲ್ಲಿ ಜಮೈಕಾದ ಮೊರಾಂಟ್ ಬೇ ಎಂಬಲ್ಲಿ ಕರಿಯ ರೈತರ ದಂಗೆಯಾಗಲು, ಗವರ್ನರ್ ಏರನು ಸೈನಿಕ ಕಾಯಿದೆಯ ಹೆಸರಿನಲ್ಲಿ ನಾಲ್ಕುನೂರಕ್ಕೂ ಹೆಚ್ಚು ಜನರನ್ನು ಕೊಲ್ಲಿಸಿದನು. ಶಾಸನಸಭೆಯ ಸದಸ್ಯನಾದ ಜಾರ್ಜ್ ವಿಲಿಯಂ ಗಾರ್ಡನನನ್ನು ಗಲ್ಲಿಗೇರಿಸಿದನು. ಏರನ ರಕ್ಷಣೆಗೆ ಕಾರ್ಲೈಲ್, ಡಿಕನ್ಸ್, ರಸ್ಕಿನ್ ಮುಂತಾದ ಹೆಸರುವಾಸಿಗಳು ನಿಂತರು. ಅವನನ್ನು ಕೊಲೆಯ ಆರೋಪದ ಮೇಲೆ ವಿಚಾರಣೆಗೆ ಗುರಿಪಡಿಸಬೇಕೆಂದು ಹಟ ಹಿಡಿದ ಸಮಿತಿಗೆ ಮಿಲ್ಲರು ಅಧ್ಯಕ್ಷರಾದರು. ಅವರಿಗೆ ಬೈಗಳ ಪತ್ರಗಳೂ ಕೊಲೆಬೆದರಿಕೆಗಳೂ ಬಂದವು. ಪ್ರಯತ್ನವು ಕೈಗೂಡಲಿಲ್ಲ. ಹದಿನಾರು ವರ್ಷದ ಹಿಂದೆ ಕಾರ್ಲೈಲರ ಲೇಖನದಲ್ಲಿ ಬರಿಯ ಶಬ್ದವಾಗಿದ್ದ ತಿರಸ್ಕಾರವು ಜಮೈಕಾದಲ್ಲಿ ನೇಣುಗಂಬವಾಯಿತು. ಶಬ್ದಗಳಿಂದೇನಾಗುವುದೆಂದು ಕೇಳುವವರು ಇದನ್ನು ನೆನೆಯಬೇಕು.

1868ರ ಚುನಾವಣೆಯಲ್ಲಿ ಮಿಲ್ಲರು ಸೋತರು. ನಾಸ್ತಿಕನೆಂದು ಹೆಸರಾದ ಬ್ರಾಡ್ಲಾನ ಚುನಾವಣೆಯ ವೆಚ್ಚಕ್ಕೆ ಅವರು ಹಣ ಕೊಟ್ಟುದು ಅದಕ್ಕೊಂದು ಕಾರಣ. 1869ರಲ್ಲಿ ಸ್ತ್ರೀಯರ ಪರಾಧೀನತೆಯನ್ನು ಕುರಿತ ಗ್ರಂಥವನ್ನು ಪ್ರಕಟಿಸಿದರು. 1873ನೆಯ ಇಸವಿ ಮೇ 7ರಂದು ಆವಿನ್ಯೊನ್ನಿನಲ್ಲಿ ಕಾಲವಾಗಿ, ಪತ್ನಿಯ ಸಮಾಧಿಯಲ್ಲಿಯೇ ಮಣ್ಣುಗೂಡಿದರು.

ಈಗ ನಾವು ಹಿಂದೆ ಬಿಟ್ಟಿದ್ದ ಸಂಗತಿಗೆ ಮರಳಬೇಕು. ಸ್ವಾತಂತ್ರ್ಯದ ಆ ಮಹಾಗ್ರಂಥದ ಆರಂಭದಲ್ಲಿಯೇ, ಈ ತತ್ತ್ವವು ಹಿಂದುಳಿದ ಜನಾಂಗಗಳಿಗೆ ಅನ್ವಯಿಸದೆಂದೂ, ಬರ್ಬರರನ್ನು ಅವರ ಏಳಿಗೆಗಾಗಿ ನಿರಂಕುಶವಾಗಿ ಆಳುವುದು ನ್ಯಾಯವೆಂದೂ, ಅಂಥವರಿಗೆ ಅಕ್ಬರನಂಥ ದೊರೆಯು ದೊರೆತರೆ ಅದೇ ಭಾಗ್ಯವೆಂದೂ ಮಿಲ್ಲರು ಬರೆದಿದ್ದಾರೆ. ಹಿಂದೂಸ್ಥಾನವನ್ನು ಅವರು ಆಂಗ್ಲರ ಹಂಗಿನ ಆಳಿಕೆಗೆ ತಕ್ಕ ದೇಶವೆಂದೇ ಎಣಿಸಿದ್ದರು. ಅವರು ನಮ್ಮನ್ನು ಬೈಯಲಿಲ್ಲ, ದ್ವೇಷಿಸಲೂ ಇಲ್ಲ. ಸಂಸ್ಕೃತ, ಅರಬ್ಬಿ ವಿದ್ಯೆಗಳಿಗೆ ಕೊಡುತ್ತಿದ್ದ ಆಶ್ರಯವನ್ನು ಬೆಂಟಿಂಕ್ ಸಾಹೇಬರೂ ಮೆಕಾಲೆಯೂ ಕಿತ್ತುಹಾಕಹೊರಟಾಗ, 1836ರಲ್ಲಿ ಅದನ್ನು ವಿರೋಧಿಸಿ ಕಚೇರಿಯ ಕರಡನ್ನು ಬರೆದವರೂ ಅವರೇ. ಆದರೂ ಒಂದು ಸೌಮ್ಯವಾದ ಶಾಸ್ತ್ರೀಯ ಶಬ್ದದಿಂದ ಕೋಟ್ಯಂತರ ಜನರನ್ನು ಸ್ವಾತಂತ್ರ್ಯದ ಬಾಗಿಲಿನಿಂದ ಹೊರಗೆ ನಿಲ್ಲಿಸಿದರು. ಮ್ಯಾನ್ ಎಂಬ ಶಬ್ದದಲ್ಲಿ ಅಡಗಿದ್ದ ಅನ್ಯಾಯವನ್ನು ಕಂಡ ಕಣ್ಣು ಬರ್ಬರ ಎಂಬ ಶಬ್ದದಲ್ಲಿಯ ಅನ್ಯಾಯವನ್ನು ಕಾಣಲಿಲ್ಲ. ಕಾರಣವು ಸ್ಪಷ್ಟ: ಮೊದಲನೆಯದನ್ನು ತೋರಿಸಿಕೊಡಲು ಅವರ ಬಳಿಯಲ್ಲಿ ಹ್ಯಾರಿಯೆಟ್ಟಮ್ಮನವರಿದ್ದರು, ಎರಡನೆಯದನ್ನು ತೋರಿಸಿಕೊಡಲು ಆ ಕಚೇರಿಯಲ್ಲಿ ನಮ್ಮವನೊಬ್ಬನೂ ಇರಲಿಲ್ಲ. ಯಾರನ್ನು ಕುರಿತು ಶಬ್ದವಿರುವುದೋ ಅವರ ಮಾತನ್ನು ಕೇಳದೆ ಆ ಶಬ್ದವು ಸರಿಯೋ ತಪ್ಪೋ ಎಂಬುದನ್ನು ಅತಿ ಬುದ್ಧಿಶಾಲಿಯೂ ನಿರ್ಣಯಿಸಲಾರನು.

ಹಾಗಾದರೆ ನೋಯಿಸುವ ಮಾತನ್ನೆಲ್ಲ ಕಾಯಿದೆಯಿಂದ ನಿಲ್ಲಿಸೋಣವೇ? ರಾಷ್ಟ್ರೀಯ ಪತ್ರಿಕೆಗಳು ಇದಕ್ಕೆ ಉತ್ತರವನ್ನು ತಮ್ಮ ಮೈಮೇಲೆಯೇ ಬರೆಯಿಸಿಕೊಂಡಿವೆ. ಸರಕಾರದ ವಿಷಯದಲ್ಲಿ ಅಪ್ರೀತಿ ಹುಟ್ಟಿಸುವುದನ್ನು 1870ರಲ್ಲಿ ಅಪರಾಧವನ್ನಾಗಿ ಮಾಡಿದರು. ಲೋಕಮಾನ್ಯ ತಿಲಕರು ಅದೇ ಕಲಮಿನ ಮೇರೆಗೆ 1897ರಲ್ಲಿ ಹದಿನೆಂಟು ತಿಂಗಳ, 1908ರಲ್ಲಿ ಆರು ವರ್ಷದ ಶಿಕ್ಷೆಗೆ ಗುರಿಯಾದರು. ಜನವರ್ಗಗಳ ನಡುವೆ ವೈರ ಹುಟ್ಟಿಸುವ ಮಾತಿನ ಮೇಲಣ ಕಲಮು 1898ರಲ್ಲಿ ಬಂತು. ಮನಸ್ಸು ನೊಂದಿತೆಂಬ ದೂರಿನ ಕೀಲಿಕೈಯನ್ನು ಅಧಿಕಾರದ ಕೈಗೆ ಕೊಟ್ಟರೆ ಅದು ಮೊದಲು ಬೀಗ ಹಾಕುವುದು ದುರ್ಬಲರ ಬಾಯಿಗೇ. ಗುಂಪಿನ ಕೈಗೆ ಕೊಟ್ಟರೂ ಅಷ್ಟೇ.

ಇತ್ತ ಶಬ್ದವನ್ನು ಮಾತ್ರ ತೊಳೆದು ತೃಪ್ತರಾಗುವುದೂ ಸಲ್ಲದು. ನಮ್ಮ ನಾಡಿನಲ್ಲಿ ಕುಂಟ, ಕುರುಡ ಎಂಬ ಕರೆಯನ್ನು ಬಿಟ್ಟು ಅಂಗವಿಕಲ ಎಂದೆವು. ಅದನ್ನೂ ಬಿಟ್ಟು ಸರಕಾರಿ ಕಾಗದಗಳಲ್ಲಿ ವಿಕಲಚೇತನ ಎಂದೆವು. ಒಳ್ಳೆಯದಾಯಿತು. ಆದರೆ ಆ ಕಾಗದವನ್ನು ಪಡೆಯಲು ಅವನು ಹತ್ತಬೇಕಾದ ಕಚೇರಿಯ ಮೆಟ್ಟಿಲು ಹಾಗೆಯೇ ಇದ್ದರೆ, ಹೊಸ ಶಬ್ದವು ನಮ್ಮ ಮನಸ್ಸಿನ ಸಮಾಧಾನಕ್ಕಾಯಿತೇ ಹೊರತು ಅವನ ಕಾಲಿಗಾಗಲಿಲ್ಲ. ಮಿಲ್ಲರು ಶಬ್ದವನ್ನು ಬದಲಿಸಹೊರಟುದು ಅದರ ಹಿಂದೆ ಒಂದು ಹಕ್ಕು ಬರಲೆಂದು.

ಜಾತಿಯ ಹೆಸರನ್ನು ಬೈಗಳನ್ನಾಗಿ ಆಡುವವನು ತಾನು ವಾಕ್‌ಸ್ವಾತಂತ್ರ್ಯದ ವೀರನೆಂದು ಬೀಗದಿರಲಿ. ಬಾಯಿತಪ್ಪಿ ಹಳೆಯ ಶಬ್ದವನ್ನಾಡಿದ ಮುದುಕನನ್ನು ಅಟ್ಟಿಸಿಕೊಂಡು ಹೋಗುವವನು ತಾನು ದುರ್ಬಲರ ಬಂಧುವೆಂದು ತಿಳಿಯದಿರಲಿ. ಮರ್ಯಾದೆಯನ್ನು ನಮಗೆ ನಾವೇ ವಿಧಿಸಿಕೊಳ್ಳೋಣ. ಎದುರಾಳಿಗೆ ಉತ್ತರವನ್ನು ಕೊಡೋಣ, ಬಾಯಿಬೀಗವನ್ನು ಬೇಡ. ಮಿಲ್ಲರ ಸದ್ಗುಣದಿಂದಲೂ ಅವರ ಪ್ರಮಾದದಿಂದಲೂ ನಾವು ಕಲಿಯತಕ್ಕ ಪಾಠವು ಇದೇ ಎಂದು ನಮ್ಮ ದೃಢವಾದ ನಂಬುಗೆ.