ಮಹಾಧರ್ಮಾಧ್ಯಕ್ಷ ಆನ್ಸೆಲ್ಮ್

ಕ್ರಿ.ಶ. 1066ರಲ್ಲಿ ನಾರ್ಮನ್ನರು ಇಂಗ್ಲೆಂಡನ್ನು ಗೆದ್ದರು. ಅಂದಿನಿಂದ ನಾಡಿನ ಭೂಮಿಯ ಮೇಲಲ್ಲದೆ ಧರ್ಮಪೀಠಗಳ ಮೇಲೂ ದೊರೆಗಳ ಹಿಡಿತವು ಬಿಗಿಯಾಯಿತು. ಆ ಹಿಡಿತವನ್ನು ಶಸ್ತ್ರವಿಲ್ಲದೆ ಎದುರಿಸಿದ ಮಹನೀಯನೇ ಆನ್ಸೆಲ್ಮ್.

ಆತನು 1033ರಲ್ಲಿ ಆಲ್ಪ್ಸ್ ಪರ್ವತಗಳ ನಡುವಣ ಆವೊಸ್ಟಾದಲ್ಲಿ ಜನಿಸಿ, ಮುಂದೆ ನಾರ್ಮಂಡಿಯ ಬೆಕ್ ಮಠವನ್ನು ಸೇರಿ, ಪಾಂಡಿತ್ಯಕ್ಕೆ ಹೆಸರಾದನು.

ಕ್ಯಾಂಟರ್ಬರಿಯ ಮಹಾಧರ್ಮಾಧ್ಯಕ್ಷ ಪೀಠವು 1089ರಿಂದ ತೆರವಾಗಿದ್ದಿತು. ಅದರ ಆದಾಯವನ್ನು ದೊರೆ ಎರಡನೆಯ ವಿಲಿಯಂ ತಾನೇ ಅನುಭವಿಸುತ್ತಿದ್ದನು. 1093ರಲ್ಲಿ ಕಾಯಿಲೆ ಬಿದ್ದು ಸಾವಿಗಂಜಿದ ಆತನು ಆ ಪೀಠಕ್ಕೆ ಆನ್ಸೆಲ್ಮನನ್ನು ಆರಿಸಿದನು. ಒಲ್ಲೆನೆಂದ ಆ ಸಂನ್ಯಾಸಿಯ ಬಿಗಿದ ಮುಷ್ಟಿಗೆ ಧರ್ಮದಂಡವನ್ನು ಬಲವಂತವಾಗಿ ಒತ್ತಿ ಹಿಡಿದರು. ಗುಣಮುಖನಾದೊಡನೆ ದೊರೆಯು ತನ್ನ ಪಶ್ಚಾತ್ತಾಪವನ್ನು ಮರೆತನು. ವಿರಸವು ಬೆಳೆದು, 1097ರಲ್ಲಿ ಆನ್ಸೆಲ್ಮ್ ದೇಶವನ್ನು ಬಿಡಬೇಕಾಯಿತು.

1100ರಲ್ಲಿ ಪಟ್ಟವೇರಿದ ಮೊದಲನೆಯ ಹೆನ್ರಿ ಆತನನ್ನು ಮರಳಿ ಕರೆಸಿದನು. 1102ರಲ್ಲಿ ಆನ್ಸೆಲ್ಮನು ವೆಸ್ಟ್‌ಮಿನ್‌ಸ್ಟರಿನಲ್ಲಿ ನಡೆಸಿದ ಧರ್ಮಸಭೆಯು ಮನುಷ್ಯರನ್ನು ಪಶುಗಳಂತೆ ಮಾರುವುದನ್ನು ನಿಷೇಧಿಸಿತು. ಆದರೆ ಧರ್ಮಾಧ್ಯಕ್ಷರಿಗೆ ಉಂಗುರ ಮತ್ತು ದಂಡಗಳನ್ನು ದೊರೆಯೇ ನೀಡುವ ಪದ್ಧತಿಯನ್ನು ಒಪ್ಪದೆ, ಆತನು 1103ರಿಂದ 1106ರವರೆಗೆ ಮತ್ತೆ ಪರದೇಶವಾಸವನ್ನು ಅನುಭವಿಸಿದನು. 1107ರಲ್ಲಿ ದೊರೆಯು ಆ ಪದ್ಧತಿಯನ್ನು ಕೈಬಿಟ್ಟನು. ಧರ್ಮಾಧ್ಯಕ್ಷರು ತಮ್ಮ ಭೂಮಿಗಾಗಿ ದೊರೆಗೆ ನಿಷ್ಠೆಯನ್ನು ಸಲ್ಲಿಸಬೇಕೆಂದಾಯಿತು.

1109ರಲ್ಲಿ ಆನ್ಸೆಲ್ಮ್ ನಿಧನನಾದನು. ರಾಜಶಕ್ತಿಗೂ ಒಂದು ಎಲ್ಲೆಯುಂಟೆಂಬುದನ್ನು ಎರಡು ಬಾರಿ ದೇಶ ತೊರೆದ ಈ ವೃದ್ಧನು ತೋರಿಸಿಕೊಟ್ಟನು.