ನ್ಯಾಯಪೀಠ ಬಿಟ್ಟು ಸಭಾಧ್ಯಕ್ಷರಾದ ಕೌಡೂರಿನ ಹೆಗ್ಡೆಯವರು

ನಾನಿರುವ ಇಬ್ರಾಹಿಂಪಟ್ನಂನಿಂದ ಕೃಷ್ಣಾ ನದಿ ದಾಟಿದರೆ ಅಮರಾವತಿ. ವೆಲಗಪೂಡಿಯಲ್ಲಿ ಶಾಸನಸಭೆ, ಸಚಿವಾಲಯ. ಹತ್ತಿರದ ನೇಲಪಾಡಿನಲ್ಲಿ ಹೈಕೋರ್ಟ್. ಎಷ್ಟೇ ಹತ್ತಿರವಿದ್ದರೂ ಒಂದು ಇನ್ನೊಂದಕ್ಕೆ ಸುಮ್ಮನೆ ತಲೆಯಾಡಿಸಬಾರದು ಎಂಬುದು ಸಂವಿಧಾನದ ಆಶಯ. ಹಾಗೆ ತಲೆಯಾಡಿಸದೆ ಬೆಲೆ ತೆತ್ತವರಲ್ಲಿ ನಮ್ಮ ಕೆ.ಎಸ್. ಹೆಗ್ಡೆಯವರೂ ಒಬ್ಬರು. ನಿಟ್ಟೆ ವಿದ್ಯಾಸಂಸ್ಥೆಗಳ ಸ್ಥಾಪಕರೆಂದು ಅವರ ಹೆಸರು ನೀವು ಕೇಳಿರಬಹುದು.

ಕೌಡೂರು ಸದಾನಂದ ಹೆಗ್ಡೆ ಹುಟ್ಟಿದ್ದು 1909ರಲ್ಲಿ, ಕಾರ್ಕಳ ತಾಲ್ಲೂಕಿನಲ್ಲಿ. ವಕೀಲರಾಗಿದ್ದವರು 1952ರಲ್ಲಿ ರಾಜ್ಯಸಭೆಗೆ ಹೋದರು. 1957ರಲ್ಲಿ ಮೈಸೂರು ಹೈಕೋರ್ಟಿನ ನ್ಯಾಯಾಧೀಶರಾದರು, 1966ರಲ್ಲಿ ದೆಹಲಿ ಹೈಕೋರ್ಟಿನ ಮೊದಲ ಮುಖ್ಯ ನ್ಯಾಯಾಧೀಶರು, ಮರುವರ್ಷ ಸುಪ್ರೀಂ ಕೋರ್ಟಿಗೆ.

ಅಲ್ಲಿ ಬಂದದ್ದು ಕಾಸರಗೋಡಿನ ಎಡನೀರು ಮಠದ ಕೇಶವಾನಂದ ಭಾರತಿ ಸ್ವಾಮಿಗಳ ಮೊಕದ್ದಮೆ. ಶುರುವಾದದ್ದು ಕೇರಳದ ಭೂಸುಧಾರಣಾ ಕಾಯ್ದೆಯಿಂದ, ಬೆಳೆದು ನಿಂತದ್ದು ಸಂಸತ್ತಿನ ಅಧಿಕಾರಕ್ಕೆ ಮಿತಿ ಇದೆಯೇ ಎಂಬಲ್ಲಿಗೆ. 13 ನ್ಯಾಯಾಧೀಶರು, 68 ದಿನಗಳ ವಿಚಾರಣೆ. 1973ರ ಏಪ್ರಿಲ್ 24ರಂದು 7–6ರ ಬಹುಮತದ ತೀರ್ಪು ಬಂತು: ಸಂಸತ್ತು ಸಂವಿಧಾನವನ್ನು ತಿದ್ದಬಹುದು, ಅದರ ಮೂಲ ರಚನೆಯನ್ನು ಕೆಡವುವಂತಿಲ್ಲ. ಹೆಗ್ಡೆಯವರು ಆ ಏಳು ಜನರಲ್ಲಿದ್ದರು.

ನಮ್ಮ ಐಟಿ ಕೆಲಸದಲ್ಲಿ ಕೋಡ್ ಬರೆದವರೇ ಅದನ್ನು ಅಪ್ರೂವ್ ಮಾಡುವುದಿಲ್ಲ, ಬೇರೆಯವರು ರಿವ್ಯೂ ಮಾಡುತ್ತಾರೆ. ಆದರೆ ರಿವ್ಯೂ ಮಾಡುವವರ ಪ್ರಮೋಷನ್ ಕೋಡ್ ಬರೆದವರ ಕೈಯಲ್ಲೇ ಇದ್ದರೆ? ಮರುದಿನ ಆದದ್ದು ಹೆಚ್ಚು ಕಡಿಮೆ ಅದೇ. ಇಂದಿರಾ ಗಾಂಧಿ ಸರ್ಕಾರ ಹಿರಿಯರಾದ ಶೆಲತ್, ಹೆಗ್ಡೆ, ಗ್ರೋವರ್ ಮೂವರನ್ನೂ ಬಿಟ್ಟು, ಭಿನ್ನಮತ ಬರೆದಿದ್ದ ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಎಂದು ಘೋಷಿಸಿತು. ಹಿರಿತನದಂತೆ ನೇಮಿಸುವುದು ರೂಢಿಯಷ್ಟೇ ಆಗಿತ್ತು. ಮೂವರೂ ರಾಜೀನಾಮೆ ಕೊಟ್ಟರು.

ತುರ್ತು ಪರಿಸ್ಥಿತಿ ಬಂದು ಹೋಯಿತು. 1977ರಲ್ಲಿ ಹೆಗ್ಡೆಯವರು ಬೆಂಗಳೂರು ದಕ್ಷಿಣದಿಂದ ಲೋಕಸಭೆಗೆ ಗೆದ್ದರು. ನಮ್ಮ ಆಂಧ್ರದ ನೀಲಂ ಸಂಜೀವ ರೆಡ್ಡಿಯವರು ಸಭಾಧ್ಯಕ್ಷ ಸ್ಥಾನ ಬಿಟ್ಟು ರಾಷ್ಟ್ರಪತಿಯಾದಾಗ ಆ ಪೀಠಕ್ಕೆ ಬಂದವರು ಹೆಗ್ಡೆಯವರೇ. ಯಾವ ಸಂಸತ್ತಿನ ಅಧಿಕಾರಕ್ಕೆ ಗೆರೆ ಎಳೆದಿದ್ದರೋ ಅದರದೇ ಕೆಳಮನೆಯನ್ನು ನಡೆಸುವ ಕೆಲಸ! ತುರ್ತು ಪರಿಸ್ಥಿತಿ ಹೇರುವುದನ್ನು ಕಷ್ಟವಾಗಿಸಿದ 44ನೇ ತಿದ್ದುಪಡಿ ಅಂಗೀಕಾರವಾದದ್ದು ಅವರ ಅವಧಿಯಲ್ಲೇ, 1978ರಲ್ಲಿ. ಕೊನೆಗೆ ನಿಟ್ಟೆಯಲ್ಲಿ ನೆಲೆಸಿ 1990ರಲ್ಲಿ ತೀರಿಕೊಂಡರು.

ನ್ಯಾಯಾಧೀಶರ ನೇಮಕದಲ್ಲಿ ನ್ಯಾಯಾಂಗದ ಮಾತೇ ಮೇಲಾದದ್ದು 1993ರ ತೀರ್ಪಿನಿಂದ. ಹಾಗಾದರೆ ನ್ಯಾಯಾಧೀಶರ ಆಯ್ಕೆಯನ್ನು ರಿವ್ಯೂ ಮಾಡುವವರು ಯಾರು? ಇದು ಮಾತ್ರ ನನಗಿನ್ನೂ ಬಗೆಹರಿದಿಲ್ಲ.