ಬೆಟ್ಟಗಳ ನೆತ್ತಿಯಿಂದ ನಾಡನ್ನಳೆದ ಲ್ಯಾಂಬ್ಟನ್

ಮೈಸೂರಿನ ಚಾಮುಂಡಿ ಬೆಟ್ಟ ಸಮುದ್ರಮಟ್ಟದಿಂದ ಸಾವಿರ ಮೀಟರಿಗೂ ಮಿಗಿಲಾದ ಎತ್ತರದಲ್ಲಿದೆ ಎಂಬುದನ್ನು ಇಂದು ಶಾಲಾಬಾಲಕರೂ ಬಲ್ಲರು. ಆದರೆ ಎರಡು ಶತಮಾನಗಳ ಹಿಂದೆ ಈ ಸೀಮೆಯ ಯಾವ ಬೆಟ್ಟ ಎಲ್ಲಿದೆ, ಎಷ್ಟು ಎತ್ತರವಿದೆ ಎಂಬುದಕ್ಕೆ ನಂಬಲರ್ಹ ಲೆಕ್ಕವಿರಲಿಲ್ಲ. ಅದಕ್ಕೆ ತಳಹದಿ ಹಾಕಿದಾತ ವಿಲಿಯಂ ಲ್ಯಾಂಬ್ಟನ್.

ಇಂಗ್ಲೆಂಡಿನ ಯಾರ್ಕ್‌ಷೈರಿನ ಸಾಮಾನ್ಯ ಕುಟುಂಬದಲ್ಲಿ ಜನಿಸಿದ ಲ್ಯಾಂಬ್ಟನ್, ಅಮೆರಿಕದ ಯುದ್ಧದಲ್ಲಿ ಸೆರೆಸಿಕ್ಕಿ ಬಿಡುಗಡೆಗೊಂಡವನು. ಭಾರತಕ್ಕೆ ಬಂದದ್ದು ನಡುವಯಸ್ಸಿನಲ್ಲಿ, ಆರ್ಥರ್ ವೆಲ್ಲೆಸ್ಲಿಯ 33ನೇ ರೆಜಿಮೆಂಟಿನ ಅಧಿಕಾರಿಯಾಗಿ. 1799ರ ಶ್ರೀರಂಗಪಟ್ಟಣದ ಯುದ್ಧದ ಸಂದರ್ಭದಲ್ಲಿ ಒಂದು ರಾತ್ರಿ ತನ್ನ ತುಕಡಿ ದಿಕ್ಕು ತಪ್ಪಿ ಟಿಪ್ಪುವಿನ ಸೇನೆಯತ್ತಲೇ ಸಾಗುತ್ತಿದೆ ಎಂಬುದನ್ನು ನಕ್ಷತ್ರಗಳನ್ನು ನೋಡಿಯೇ ಗುರುತಿಸಿದ್ದನೆಂದು ಹೇಳಲಾಗುತ್ತದೆ. ಜನರಲ್ ಬೇರ್ಡ್ ಮೊದಲು ನಂಬಲಿಲ್ಲ. ದಿಕ್ಸೂಚಿ ನೋಡಿದ ಬಳಿಕ ನಂಬಬೇಕಾಯಿತು.

ಟಿಪ್ಪುವಿನ ಪತನಾನಂತರ ಮೈಸೂರಿನ ನಕ್ಷೆ ರಚಿಸುವ ಹೊಣೆ ಕಾಲಿನ್ ಮೆಕೆಂಝಿಯ ಪಾಲಾಯಿತು. ಲ್ಯಾಂಬ್ಟನ್‌ನ ಆಸೆ ಅದಕ್ಕಿಂತ ದೊಡ್ಡದು: ಕರಾವಳಿಯಿಂದ ಕರಾವಳಿಗೆ ತ್ರಿಕೋನಗಳ ಸರಪಳಿ ಹೆಣೆದು, ಭೂಮಿಯ ಆಕಾರವನ್ನೇ ಅಳೆಯುವುದು. ಇದ್ದ ನಕ್ಷೆಗಳೇ ಸಾಲದೇ ಎಂದವರಿದ್ದರು. ವೆಲ್ಲೆಸ್ಲಿಯ ಬೆಂಬಲ ದೊರೆಯದಿದ್ದರೆ ಯೋಜನೆ ಕಡತದಲ್ಲೇ ಉಳಿಯುತ್ತಿತ್ತೇನೋ.

1802ರ ಏಪ್ರಿಲ್ 10ರಂದು ಮದ್ರಾಸಿನ ಸೇಂಟ್ ಥಾಮಸ್ ಮೌಂಟ್ ಬಳಿ ಏಳೂವರೆ ಮೈಲಿಯ ಆಧಾರರೇಖೆಯನ್ನು ಉಕ್ಕಿನ ಸರಪಳಿಯಿಂದ ಅಳೆಯಲಾರಂಭಿಸಿದ. ಆ ಬಳಿಕ ಸರಪಳಿಯ ಕೆಲಸ ಕಡಿಮೆ. ಬೆಟ್ಟದಿಂದ ಬೆಟ್ಟಕ್ಕೆ ಕೋನ ಅಳೆದರೆ ದೂರವನ್ನು ಗಣಿತವೇ ಹೇಳುತ್ತಿತ್ತು. 1804ರಲ್ಲಿ ಬೆಂಗಳೂರಿನ ಬಳಿ ಮತ್ತೊಂದು ರೇಖೆಯನ್ನು ನೆಲದ ಮೇಲೆಯೇ ಅಳೆದು ಪರೀಕ್ಷಿಸಿದಾಗ, ಲೆಕ್ಕಕ್ಕೂ ವಾಸ್ತವಕ್ಕೂ ಇದ್ದ ವ್ಯತ್ಯಾಸ ಕೆಲವೇ ಅಂಗುಲ. ಸರಪಳಿ ಮಂಗಳೂರಿನ ಕಡಲನ್ನು ಮುಟ್ಟಿದಾಗ, ದಕ್ಷಿಣ ಭಾರತ ಹಳೆಯ ನಕ್ಷೆಗಳು ತೋರಿಸಿದ್ದಕ್ಕಿಂತ ಸುಮಾರು 40 ಮೈಲಿ ಕಿರಿದೆಂದು ತಿಳಿಯಿತು.

ಕೋನ ಅಳೆಯುವ ಥಿಯೋಡೊಲೈಟಿನ ತೂಕ ಅರ್ಧ ಟನ್. ಅದನ್ನು ಹೊತ್ತು ಬೆಟ್ಟವೇರಿದ ಕೂಲಿಗಳ ಹೆಸರುಗಳು ಮಾತ್ರ ಚರಿತ್ರೆಯಲ್ಲಿ ಉಳಿಯಲಿಲ್ಲ. 1808ರಲ್ಲಿ ತಂಜಾವೂರಿನ ದೇವಾಲಯದ ಗೋಪುರಕ್ಕೆ ಏರಿಸುವಾಗ ಹಗ್ಗ ತುಂಡಾಗಿ ಯಂತ್ರ ಗೋಡೆಗೆ ಅಪ್ಪಳಿಸಿತು. ಲ್ಯಾಂಬ್ಟನ್ ವಾರಗಟ್ಟಲೆ ಡೇರೆಯಲ್ಲಿ ಕುಳಿತು, ಬಾಗಿದ ಚಕ್ರವನ್ನು ತಾನೇ ತಿದ್ದಿದ.

ತಾಯ್ನಾಡಿಗೆ ಮರಳುವ ಯೋಗ ಆತನಿಗಿರಲಿಲ್ಲ. 1823ರ ಜನವರಿ 20ರಂದು, ನಾಗಪುರದ ಹಾದಿಯಲ್ಲಿ, ಹಿಂಗಣಘಾಟಿನಲ್ಲಿ ಕೊನೆಯುಸಿರೆಳೆದ. ಸಮೀಕ್ಷೆ ಉತ್ತರಕ್ಕೆ ಮುಂದುವರಿದು, 1852ರಲ್ಲಿ ರಾಧಾನಾಥ ಸಿಕ್‌ದಾರ್ ಅವರ ಲೆಕ್ಕಾಚಾರದಿಂದ ಹಿಮಾಲಯದ 15ನೇ ಸಂಖ್ಯೆಯ ಶಿಖರ ಜಗತ್ತಿನಲ್ಲೇ ಅತ್ಯುನ್ನತವೆಂದು ಕಂಡುಬಂತು. 1865ರಲ್ಲಿ ಅದಕ್ಕೆ ಇಟ್ಟ ಹೆಸರು ಜಾರ್ಜ್ ಎವರೆಸ್ಟ್‌ನದು. 1818ರಲ್ಲಿ ಲ್ಯಾಂಬ್ಟನ್‌ನ ಸಹಾಯಕನಾಗಿ ನೇಮಕಗೊಂಡವನು ಆತ.